ಗುಡ್ಡದ ತುದಿಗೆ ಕೇಳುವ ಹೆಸರು

ಮಗು ಹುಟ್ಟಿ ಮೂವತ್ತೊಂಬತ್ತು ದಿನವಾಗಿತ್ತು. ಅದಕ್ಕಿನ್ನೂ ಹೆಸರಿರಲಿಲ್ಲ. ನಲವತ್ತೆರಡು ದಿನದೊಳಗೆ ಪಟ್ಟಣದ ನೋಂದಣಿ ಕಚೇರಿಗೆ ಹೋಗಿ ಬರೆಸಬೇಕು, ಕಾನೂನು. ಅಲ್ಲಿಯವರೆಗೆ ಹೈ ಗಾರ್ತ್ ಎಂಬ ಆ ಯಾರ್ಕ್‌ಶೈರ್ ಕುರಿಮನೆಯಲ್ಲಿ ಒಬ್ಬೊಬ್ಬರದು ಒಂದೊಂದು ನಾಮಕರಣ: ಅಪ್ಪ ಮಾರ್ಟಿನ್‌ಗೆ ಅದು 'ಮೇಡಮ್ಮು', ಕೆಳಗಿನ ಮನೆಯ ಡೋರೀನ್‌ಗೆ 'ಪಾಪಚ್ಚಿ', ಅಜ್ಜ ವಿಲ್ಫ್ ಐವ್‌ಸನ್‌ಗೆ ಬರೀ 'ಅದು'. "ಅದು ಅಳ್ತಾ ಇದೆ." "ಅದು ಮಲಗ್ತಾ?" ವಿಲ್ಫ್ ದಿನಕ್ಕೆ ಆಡುವ ಹತ್ತು ಮಾತಿನಲ್ಲಿ ಎರಡು ಇವೇ.

ತಾಯಿ ಹೆಟ್ಟಿಯ ಮನಸ್ಸಿನಲ್ಲಿ ಮಾತ್ರ ಒಂದು ಹೆಸರಿತ್ತು. ಮೂರು ವರ್ಷದಿಂದ ಇತ್ತು. ಹೇಳಲು ಬಾಯಿ ಬರುತ್ತಿರಲಿಲ್ಲ, ಯಾಕೆಂದರೆ ಆ ಹೆಸರಿನವಳು ಆಗಲೇ ಮನೆಯಲ್ಲಿದ್ದಳು. ಒಲೆಯ ಮುಂದೆ ನಾಲ್ಕೂ ಕಾಲು ಚಾಚಿ ಮಲಗಿ, ಕನಸಿನಲ್ಲಿ ಕುರಿ ಅಟ್ಟುತ್ತಿದ್ದಳು.

ಹೆಟ್ಟಿಯ ಪೂರ್ತಿ ಹೆಸರು ಹೆನ್ರಿಯೆಟಾ ರೋಸಮಂಡ್. ಲೀಡ್ಸ್ ಪೇಟೆಯ ಅವಳಮ್ಮ ಆಸೆಪಟ್ಟು ಇಟ್ಟದ್ದು. ಅಷ್ಟುದ್ದದ ಹೆಸರು ಕಂಡರೆ ಆ ಕಡೆಯ ಜನಕ್ಕೆ ಕತ್ತರಿ ಹಿಡಿದ ಕೈ ತುರಿಸುತ್ತದೆ. ಶಾಲೆಯಲ್ಲಿ ಬಾಲವೆಲ್ಲ ಕತ್ತರಿಸಿ 'ಹೆನ್' ಅಂದರು, ಬೆನ್ನ ಹಿಂದೆ ಕೊಕ್ಕೊಕ್ಕೋ ಅಂದರು. ಕಾಲೇಜಿನಲ್ಲಿ 'ಹೆನ್ರಿ' ಎಂದು ಗಂಡು ಮಾಡಿದರು. ಬ್ಯಾಂಕಿನ ಕಾರ್ಡಿನ ಮೇಲೆ ಜಾಗ ಸಾಲದೆ 'ಹೆನ್ರಿಯೆ' ಎಂದು ಬಂತು, ಯಾರೋ ಕರೆಯಲು ಬಾಯಿ ತೆರೆದು ಅಲ್ಲೇ ಸತ್ತ ಹಾಗೆ. ಕೊನೆಗೆ ಹೆಟ್ಟಿಯಾಗಿ ಈ ಹಟ್ಟಿಗೆ ಬಂದು ಸೇರಿದಳು. ಆದ್ದರಿಂದ ಮಗಳ ವಿಷಯದಲ್ಲಿ ಅವಳದು ಒಂದೇ ಹಟ: ಹೆಸರು ಚಿಕ್ಕದಿರಬೇಕು, ಕತ್ತರಿ ಹಾಕಲು ಜಾಗವೇ ಇರಬಾರದು.

ಆ ಶುಕ್ರವಾರ ಸಂಜೆ ಚಹಾ ಹೊತ್ತಿಗೆ ಅವಳು ಹೆಸರಿನ ಪುಸ್ತಕ ಬಿಚ್ಚಿ ಕೂತಳು.

"ಮೆಗ್. ಮುತ್ತು ಅಂತ ಅರ್ಥ."

"ಮೊಟ್ಟೆ ಕದೀತಿದ್ಲು" ಅಂದ ವಿಲ್ಫ್.

"ಯಾರು?"

"ಮೆಗ್. ಎಪ್ಪತ್ತೆಂಟರಲ್ಲಿ."

"ಟೆಸ್?"

"ಪೋಸ್ಟ್‌ಮ್ಯಾನ್ ಪ್ಯಾಂಟು."

ಅದಕ್ಕಿಂತ ವಿವರ ಯಾರೂ ಕೇಳಲಿಲ್ಲ. ಮಾರ್ಟಿನ್ ಪತ್ರಿಕೆಯ ಹಿಂದಿನಿಂದ, "ಜಿಲ್ ಚೆನ್ನಾಗಿದೆಯಪ್ಪ" ಅಂದ.

"ಓಡಿ ಹೋದ್ಲು. ಡೋರೀನ್ ಮನೆ ರಾಯ್ ಜೊತೆ. ಏಳು ಮರಿ ಹಾಕ್ಕೊಂಡು ವಾಪಸ್ ಬಂದ್ಲು, ನಾಚಿಕೆ ಇಲ್ದೋಳು."

"ಜಾಯ್! ಸಂತೋಷ ಅಂತ. ಇಷ್ಟು ಒಳ್ಳೆ ಅರ್ಥ ಎಲ್ಲಿ ಸಿಗತ್ತೆ?"

"ಅಷ್ಟು ಸಿಡುಕಿನ ನಾಯಿ ಈ ಕಣಿವೇಲಿ ಇನ್ನೊಂದು ಹುಟ್ಟಿಲ್ಲ."

ಹೆಟ್ಟಿ ಪುಸ್ತಕವನ್ನು ಬೆಣ್ಣೆಯ ತಟ್ಟೆಯ ಪಕ್ಕ ಕುಕ್ಕಿದಳು. "ಇದೆಂಥ ಅನ್ಯಾಯ ವಿಲ್ಫ್! ಒಳ್ಳೊಳ್ಳೆ ಹೆಸರನ್ನೆಲ್ಲ ನಾಯಿಗಳಿಗೆ ಹಂಚಿ ಕೂತಿದ್ದೀರಲ್ಲ!"

"ನಾಯಿ ಕರೆದ್ರೆ ಬರುತ್ತೆ" ಅಂದ ವಿಲ್ಫ್. "ಮಕ್ಕಳು ಬರಲ್ಲ. ಒಳ್ಳೆ ಹೆಸರು ಯಾರಿಗೆ ಹೋಗ್ಬೇಕು, ನೀನೇ ಹೇಳು."

ಅವನ ಮಾತಿನಲ್ಲಿ ಲೆಕ್ಕಾಚಾರವಿತ್ತು. ಗುಡ್ಡದ ಆ ತುದಿಯಲ್ಲಿರುವ ನಾಯಿಗೆ ಗಾಳಿ ಕಸಿಯುವ ಮೊದಲೇ ಹೆಸರು ತಲುಪಬೇಕು. ಹಾಗಾಗಿ ಒಂದೇ ಉಸಿರು, ಒಂದೇ ಏಟು. ಮನುಷ್ಯರಿಗಾದರೆ ಎಷ್ಟು ಉದ್ದವಾದರೂ ನಡೆದೀತು, ಅವರು ಹೇಗಿದ್ದರೂ ಊಟದ ಹೊತ್ತಿಗೆ ಬರುತ್ತಾರೆ. ಇನ್ನೊಂದು ಕಟ್ಟುನಿಟ್ಟು: ಮನೆಯಲ್ಲಿರುವ ನಾಯಿಯ ಹೆಸರು ಮನೆಯವರಿಗಿಲ್ಲ, ಮನೆಯವರದು ನಾಯಿಗಿಲ್ಲ. ಪಕ್ಕದ ಕಣಿವೆಯಲ್ಲಿ ಯಾರೋ ಇದನ್ನು ಮೀರಿ ಮಗನಿಗೂ ಬೆನ್, ನಾಯಿಗೂ ಬೆನ್ ಅಂದರು. ನಾಯಿ ಹೋಗಿ ಕಾಲವಾಯಿತು. "ಬೆನ್, ಮಲಗು!" ಎಂದು ಯಾರಾದರೂ ಗದರಿದರೆ ಐವತ್ತು ದಾಟಿದ ಬೆನ್ ಈಗಲೂ ಕೂತಲ್ಲೇ ಆಕಳಿಸುತ್ತಾನೆ.

ವಿಲ್ಫ್ ಚಹಾ ಹೀರಿದ. "ಪುಸ್ತಕ ಅತ್ಲಾಗಿಡು ಹುಡುಗಿ. ನಿಂಗೆ ಯಾವ್ದು ಬೇಕು ಅದನ್ನ ಹೇಳು."

ಹುಡುಗಿ ಅನ್ನುವುದು ಅವನ ಬಾಯಲ್ಲಿ ಸೊಸೆಗೂ ಆಗುತ್ತಿತ್ತು, ನಾಯಿಗೂ ಆಗುತ್ತಿತ್ತು, ಎಂಬತ್ತೊಂದರ ಡೋರೀನ್‌ಗೂ ಆಗುತ್ತಿತ್ತು.

ಹೆಟ್ಟಿ ತೊಟ್ಟಿಲ ಕಡೆ ನೋಡಿದಳು. "ನೆಲ್" ಅಂದಳು.

ಒಲೆಯ ಮುಂದಿದ್ದವಳು ಎದ್ದಳು. ಮೈ ಮುರಿದು, ಬಂದು, ಹೆಟ್ಟಿಯ ಮಂಡಿಯ ಮೇಲೆ ಗಲ್ಲ ಇಟ್ಟು, ಏನಪ್ಪಣೆ ಎಂಬಂತೆ ನೋಡಿದಳು.

ವಿಲ್ಫ್ ಅರ್ಧ ಚಹಾ ಬಿಟ್ಟು ಎದ್ದ. ನಲವತ್ತು ವರ್ಷದಲ್ಲಿ ಅವನು ಚಹಾ ಬಿಟ್ಟು ಎದ್ದದ್ದನ್ನು ಮಾರ್ಟಿನ್ ಕಂಡಿರಲಿಲ್ಲ. ಟೋಪಿ ಹಾಕಿಕೊಂಡು ಹೊರಗೆ ಹೋದ, ನಾಯಿಯನ್ನು ಕರೆಯಲೂ ಇಲ್ಲ. ಅದು ತಾನಾಗಿಯೇ ಹಿಂದೆ ಹೋಯಿತು.

"ಬೇರೆ ಏನಾದ್ರೂ ಕೇಳಬಾರದಿತ್ತಾ?" ಅಂದ ಮಾರ್ಟಿನ್. "ಒಂದು ಕಣ್ಣು ಕೇಳಿದ್ರೆ ಕೊಡ್ತಿದ್ದ. ಏಳು ವರ್ಷದ ನಾಯಿಗೆ ಹೊಸ ಹೆಸರು ಕಲಿಸೋಕಾಗುತ್ತಾ? ಈ ಕಣಿವೇಲೇ ಅದರಂಥ ನಾಯಿ ಇಲ್ಲ."

"ನಾನೇನು ಕೇಳಿದೆ? ಅವರು ಹೇಳು ಅಂದರು, ಹೇಳಿದೆ" ಅಂದಳು ಹೆಟ್ಟಿ. ಕಣ್ಣು ಮಾತ್ರ ತುಂಬಿತ್ತು.

ಮಾರನೇ ದಿನ ಬೆಳಕು ಹರಿಯುವ ಮೊದಲೇ ವಿಲ್ಫ್ ಜೇಬಿಗೊಂದು ಮಾಂಸದ ಕಡುಬು ತುರುಕಿಕೊಂಡು ಗುಡ್ಡ ಹತ್ತಿದ್ದ. ಒಂಬತ್ತು ಗಂಟೆಗೆ ಡೋರೀನ್‌ಳ ಫೋನು ಬಂತು. ಡೋರೀನ್ ಫೋನಿನಲ್ಲಿ ಮಾತಾಡುವುದಿಲ್ಲ, ಕಣಿವೆಯ ಈಚೆ ದಡದಿಂದ ಆಚೆ ದಡಕ್ಕೆ ಸಾರುತ್ತಾಳೆ.

"ಹೆಟ್ಟೀ! ನಿಮ್ಮ ಮುದುಕ ಗುಡ್ಡದ ಮೇಲೆ ಕೆಟಲ್ ಇಟ್ಟಿದ್ದಾನೇನೇ? ಬೆಳಗಿನಿಂದ ಸುಯ್ಯೋ ಅಂತ ಕುದೀತಿದೆ, ಇಳಿಸೋರೇ ಗತಿ ಇಲ್ಲ!"

ಹೆಟ್ಟಿ ಕಿಟಕಿ ತೆರೆದು ಕಿವಿಗೊಟ್ಟಳು. ನಿಜ. ಎಲ್ಲೋ ಮಂಜಿನೊಳಗೆ ಸುಯ್ ಎಂದು ಏರಿ, ಪುಸ್ಸೆಂದು ಸಾಯುವ ಶಬ್ದ. ವಿಲ್ಫ್‌ನ ಕೂಗು ಮಾತ್ರ ಇರಲಿಲ್ಲ. ಈ ಮನೆಗೆ ಬಂದ ಮೇಲೆ ಆ ಕೂಗಿಲ್ಲದ ಬೆಳಗು ಅವಳು ಕಂಡದ್ದು ಅದೇ ಮೊದಲು.

ಮಧ್ಯಾಹ್ನ ಮೂರಕ್ಕೆ ಎರಡನೇ ಸಾರಿಕೆ.

"ಹೆಟ್ಟೀ! ನಲವತ್ತು ಕುರಿ ನಮ್ಮ ಪ್ರಾರ್ಥನಾ ಮಂದಿರದೊಳಗೆ! ನಾಳೆ ಸುಗ್ಗಿಯ ಪೂಜೆಗೆ ಅಂತ ಜೋಡಿಸಿಟ್ಟ ಕ್ಯಾರೆಟ್ಟು ಆಯ್ತು, ಸೇಬು ಆಯ್ತು, ಈಗ ಹೂವಿಗೆ ಬಂದಿವೆ! ಒಂದಂತೂ ಪ್ರವಚನದ ಪೀಠ ಹತ್ತಿ ನಿಂತಿದೆ. ಸುಳ್ಳು ಹೇಳಬಾರದು, ನಮ್ಮ ಪಾದ್ರಿಗಿಂತ ಸ್ಪಷ್ಟವಾಗಿ ಮಾತಾಡುತ್ತೆ. ಮುದುಕ ಬಾಗಿಲಲ್ಲಿ ನಿಂತು ಬಾಯಿ ಬಿಡ್ತಾ ಇಲ್ಲ, ಮೂಗನ ಥರ ಕೈ ಬೀಸ್ತಾನೆ. ಏನಾಗಿದೆ ಅವನಿಗೆ?"

ಏನಾಗಿದೆ ಎಂದು ಹೆಟ್ಟಿಗೆ ಗೊತ್ತಿತ್ತು, ಅಥವಾ ಗೊತ್ತಿದೆ ಅಂದುಕೊಂಡಳು. ಕೋಪ. ನಾಯಿಯ ಮೇಲಿದ್ದ ಗಮನವೇ ಹೋಗುವಷ್ಟು ಕೋಪ. ರಾತ್ರಿ ಊಟಕ್ಕೆ ಬಂದವನು ತುಟಿ ಊದಿಸಿಕೊಂಡು, ಸೂಪು ಮಾತ್ರ ಕುಡಿದು ಮಲಗಿದ. ಹೆಟ್ಟಿ ಮಾರ್ಟಿನ್‌ಗೆ ಹೇಳಿದಳು: "ಐವಿ ಅಂತ ಬರೆಸೋಣ. ಯಾವ ನಾಯಿಗೂ ಇಟ್ಟಿಲ್ಲ. ಹಸಿರು ಬಳ್ಳಿ. ಸಾಕು." ಸಾಕು ಅನ್ನುವಾಗ ಅವಳ ದನಿ ಸಾಕಾದವರ ದನಿಯಂತೆಯೇ ಇತ್ತು.

ನಲವತ್ತೊಂದನೇ ದಿನ, ಭಾನುವಾರ. ಹೆಟ್ಟಿ ಅಂಗಳದ ಬಿಸಿಲಲ್ಲಿ ಮಗುವಿನ ತಳ್ಳುಗಾಡಿ ನಿಲ್ಲಿಸಿಕೊಂಡು ಕೂತಿದ್ದಾಗ, ಗುಡ್ಡದಿಂದ ನೆಲ್ ಒಂಟಿಯಾಗಿ ಓಡಿಬಂದಳು. ಬಾಯಲ್ಲಿ ಏನೋ ಹಿಡಿದಿದ್ದಳು. ಅದನ್ನು ಗಾಡಿಯ ಮುಂದೆ ಮೆಲ್ಲಗೆ ಇಳಿಸಿ, ಕೂತಳು.

ವಿಲ್ಫ್‌ನ ಮೇಲಿನ ಸಾಲಿನ ಕಟ್ಟಿಸಿದ ಹಲ್ಲು. ಅವನ ಮುಖದ ಮೇಲೆ ಯಾರೂ ಕಂಡಿರದಂಥ ಭರ್ಜರಿ ನಗು ನೆಲದ ಮೇಲೆ ಬಿದ್ದಿತ್ತು.

ಬಿದ್ದನೋ, ಬಂಡೆಗೆ ತಲೆ ಹೊಡೆಯಿತೋ! ಮಗುವನ್ನು ಎದೆಗೆ ಕಟ್ಟಿಕೊಂಡು, ಹಲ್ಲನ್ನು ಕರವಸ್ತ್ರದಲ್ಲಿ ಸುತ್ತಿ ನಡೆದಳು. ನೆಲ್ ಮುಂದೆ ಓಡಿ, ನಿಂತು, ತಿರುಗಿ ನೋಡಿ, ಮತ್ತೆ ಓಡಿ, ಕುರಿಯನ್ನು ಅಟ್ಟುವಷ್ಟೇ ಶ್ರದ್ಧೆಯಿಂದ ಅವಳನ್ನು ಅಟ್ಟಿಕೊಂಡು ಹೋದಳು.

ವಿಲ್ಫ್ ಮೇಲಿನ ಹುಲ್ಲುಗಾವಲಿನ ಕಲ್ಲುಗೋಡೆಗೆ ಒರಗಿ ಕೂತಿದ್ದ, ಒಂದು ಗೀರೂ ಇಲ್ಲದೆ. ಕೈಯಲ್ಲಿ ಅರ್ಧಚಂದ್ರದಂಥ ಪುಟ್ಟ ತಗಡಿನ ಸೀಟಿ. ನಾಲಿಗೆಯ ಮೇಲಿಟ್ಟು ಊದಿ ನಾಯಿ ನಡೆಸುವ ಸಾಧನ. ಸೀಟಿ ಊದುವವರನ್ನು ಕಂಡರೆ "ಬಾಯಿ ಇರೋನಿಗೆ ತಗಡು ಯಾಕೆ?" ಎಂದು ಐವತ್ತು ವರ್ಷ ಹಂಗಿಸಿದವನು ಅವನೇ.

"ಹೆತ್ತೀ, ಕೊಲು ಇಲ್ಲಿ" ಅಂದ ಬೊಚ್ಚುಬಾಯಲ್ಲಿ, ಕೈ ಚಾಚಿ. "ನಗ್ಬೇಲ. ಶೀತಿ ಊದಿದ್ಲೆ ಹಲ್ಲು ಹಾಲ್ಹೋಗುತ್ತೆ. ಇವ್ಲು ತಕ್ಕೊಂದು ಓಲ್ಹೋದ್ಲು. ಕಲ್ಲಿ."

ಹೆಟ್ಟಿಗೆ ನಗು ಬರಲಿಲ್ಲ ಅಂದರೆ ಸುಳ್ಳು. ವಿಲ್ಫ್ ಹಲ್ಲನ್ನು ತೊರೆಯ ನೀರಿನಲ್ಲಿ ತೊಳೆದು, ಬೆನ್ನು ತಿರುಗಿಸಿ ಹಾಕಿಕೊಂಡು, ಗೌರವಸ್ಥನಾಗಿ ಈಚೆ ತಿರುಗಿದ.

"ಶುಕ್ರವಾರದಿಂದ ಅವಳ ಹೆಸರು ಎತ್ತಿಲ್ಲ" ಅಂದ. "ಬೇರೆ ಹೆಸರು ಕಲಿಯೋ ವಯಸ್ಸಲ್ಲ ಅವಳದು. ಆದ್ರೆ ಹೆಸರಿಲ್ಲದೇನೂ ಕೆಲಸ ಮಾಡಿಸ್ಬೋದು. ಒಂದು ಸಲ ಊದಿದ್ರೆ ಎಡಕ್ಕೆ, ಎರಡಕ್ಕೆ ಬಲಕ್ಕೆ. ನಿನ್ನೆ ಹಲ್ಲು ಜಾರಿ ಎರಡು ಊದೋ ಕಡೆ ಒಂದೇ ಆಯ್ತು. ಅವಳದೇನೂ ತಪ್ಪಿಲ್ಲ. ಎಡಕ್ಕೆ ಮಂದಿರ ಇತ್ತು, ಹೋದ್ಲು."

ಹೆಟ್ಟಿ ಗೋಡೆಯ ಮೇಲೆ ಕೂತೇಬಿಟ್ಟಳು. "ನಿಮಗೆ ಕೋಪ ಅಂದ್ಕೊಂಡಿದ್ದೆ."

"ಕೋಪ ಇದೆ. ಈ ತಗಡಿನ ಮೇಲೆ." ಸೀಟಿಯನ್ನು ಜೇಬಿಗೆ ತುರುಕಿ ಕೇಳಿದ: "ಪುಸ್ತಕದಲ್ಲಿ ಏನಂತೆ ಅರ್ಥ?"

"ಬೆಳಕು ಅಂತೆ."

"ಅದಕ್ಕೆ ಬೇಕಾ ನಿಂಗೆ?"

"ಅಲ್ಲ. ಅದನ್ನು ಈಚೆಗೆ ಓದಿದ್ದು." ಹೆಟ್ಟಿ ಮಗುವಿನ ಟೋಪಿ ಸರಿಮಾಡಿದಳು, ಸರಿಯಾಗಿಯೇ ಇತ್ತು. "ಮೊದಲ ಸಲ ಮಾರ್ಟಿನ್ ಜೊತೆ ಇಲ್ಲಿಗೆ ಬಂದಾಗ, ಅವನು ಕಾರು ನಿಲ್ಲಿಸೋಕೆ ಹೋಗಿದ್ದ. ನಾನೊಬ್ಬಳೇ ಅಂಗಳದಲ್ಲಿ. ಗುಡ್ಡದ ಮೇಲಿಂದ ಒಬ್ಬ ಗಂಡಸು 'ನೆಲ್' ಅಂತ ಕೂಗಿದ. ಕೂಗೇ ಆದರೂ ಹತ್ತಿರ ಕೂತು ಕರೆದ ಹಾಗಿತ್ತು. ಹೆಂಡತೀನೋ ಮಗಳೋ ಇರಬೇಕು, ಎಷ್ಟು ಪುಣ್ಯವಂತಳಪ್ಪಾ ಅಂದ್ಕೊಂಡೆ. ಆಮೇಲೆ ಬೇಲಿ ಹಾರಿ ನಾಯಿ ಬಂತು. ನನ್ನನ್ನ ಎಷ್ಟು ಥರ ಕರೆದಿದ್ದಾರೆ, ಹಾಗೆ ಯಾರೂ ಕರೆದಿಲ್ಲ. ನನ್ನ ಮಗಳನ್ನ ಯಾರಾದ್ರೂ ಹಾಗೆ ಕರೀಲಿ ಅಂತ ಆಸೆ. ಅಷ್ಟೆ."

ವಿಲ್ಫ್ ಗೋಡೆಯಲ್ಲೊಂದು ಸಡಿಲ ಕಲ್ಲು ಹುಡುಕಿಕೊಂಡು ಅದನ್ನು ಕೂರಿಸಿದ. ತೆಗೆದು ಮತ್ತೆ ಕೂರಿಸಿದ.

"ನಾನು ಹಾಗೆ ಕೂಗ್ತೀನಾ?"

"ಹಾಗೇ. ಸ್ವಂತ ಮಗನನ್ನೂ ಹಾಗೆ ಕರೆದಿಲ್ಲ ನೀವು."

"ಮಾರ್ಟಿನ್ ಅನ್ನೋದು ಎರಡು ತುಂಡು. ಗಾಳಿ ಮಧ್ಯಕ್ಕೆ ಮುರಿದು ಹಾಕುತ್ತೆ. ಅವನಮ್ಮ ಇಟ್ಟಿದ್ದು, ನಾನು ಹೇಳಿದೆ, ಕೇಳಲಿಲ್ಲ."

"ನೆಲ್‌ನ ನೀವೇ ಇಟ್ಕೊಳ್ಳಿ ವಿಲ್ಫ್. ಅವಳ ಹೆಸರು ಕಿತ್ಕೊಂಡು ನನಗೆ ನಿದ್ದೆ ಬರಲ್ಲ. ನಾಳೆ ಐವಿ ಅಂತ ಬರೆಸ್ತೀವಿ."

"ಐವಿ?" ವಿಲ್ಫ್ ಉರಿದೆದ್ದ. "ಅದು ಗೋಡೆ ಕೆಡವೋ ಗಿಡ ಹುಡುಗಿ! ಕಲ್ಲಿನ ಸಂದಿಗೆಲ್ಲ ಬೇರು ಬಿಟ್ಟು, ಹತ್ತು ವರ್ಷದಲ್ಲಿ ಇಷ್ಟುದ್ದ ಗೋಡೇನ ಮಲಗಿಸುತ್ತೆ. ನನ್ನ ಮೊಮ್ಮಗಳಿಗೆ ಆ ಹೆಸರಾ?" ನಾಯಿಯ ತಲೆ ಸವರಿದ. "ಇವಳೇನು ಹೆಸರಿಗಾಗಿ ಕೆಲಸ ಮಾಡ್ತಾಳಾ? ನಾನು ಜೊತೆಗಿದ್ರೆ ಸಾಕು ಅವಳಿಗೆ. ಹೋಗಿ ನೆಲ್ ಅಂತ ಬರೆಸಿ ಬಾ."

ಮೂರು ದಿನದಲ್ಲಿ ಮೊದಲ ಸಲ ಆ ಹೆಸರು ಅವನ ಬಾಯಿಂದ ಬಂದಿತ್ತು. ನಾಯಿ ಬಾಲ ಎರಡು ಸಲ ಹುಲ್ಲಿಗೆ ಬಡಿಯಿತು. ವಿಲ್ಫ್ ಬೇರೆ ಕಡೆ ನೋಡಿದ.

ಸೋಮವಾರ ಕಚೇರಿಯಲ್ಲಿ ಕನ್ನಡಕದ ಹೆಂಗಸು ಬೆರಳನ್ನು ಕೀಲಿಮಣೆಯ ಮೇಲೆ ಎತ್ತಿ ಹಿಡಿದು, ಮೂಗಿನಿಂದ ಕೇಳಿದಳು. "ನೆಲ್ ಅನ್ನೋದು ಯಾವುದರ ಚಿಕ್ಕದು? ಎಲಿನರ್? ಹೆಲನ್? ಪೆನೆಲಪಿ?"

"ಯಾವುದರದ್ದೂ ಅಲ್ಲ" ಅಂದಳು ಹೆಟ್ಟಿ. "ಮುಗೀತು, ಅಷ್ಟೇ."

"ನಡುವಿನ ಹೆಸರು?"

"ಬೇಡ. ಗಾಳಿಗೆ ಮುರಿಯುತ್ತೆ."

ಆ ಹೆಂಗಸು ಮಾರ್ಟಿನ್‌ನತ್ತ ನೋಡಿದಳು. ಎರಡು ತುಂಡಿನ ಮಾರ್ಟಿನ್ ತಲೆಯಾಡಿಸಿದ.

ವಾಪಸ್ ಬರುವಾಗ ವಿಲ್ಫ್ ಮೇಲಿನ ಹುಲ್ಲುಗಾವಲಿನಲ್ಲಿದ್ದ, ನಾಯಿ ಅವನಿಗಿಂತ ಮೇಲೆ, ಕುರಿಗಳ ಆಚೆ. ಮಾರ್ಟಿನ್ ಕಾರು ನಿಲ್ಲಿಸಲು ಹೋದ, ಹೆಟ್ಟಿ ಗೇಟಿನ ಬಳಿ ಇಳಿದು ಮಗುವನ್ನು ಎತ್ತಿ ಹಿಡಿದಳು. ದೂರದಲ್ಲಿ ವಿಲ್ಫ್ ಸೀಟಿಯನ್ನು ಬಾಯಿಂದ ತೆಗೆದು ಜೇಬಿಗಿಟ್ಟ. ಅಂಗೈ ಎರಡನ್ನೂ ಬಾಯಿಗೆ ಅಡ್ಡ ಹಿಡಿದ.

"ನೆ... ಲ್!"

ಹುಲ್ಲು, ತೊರೆ, ಮೂರು ಗೋಡೆ ದಾಟಿ ಕೂಗು ಇಡಿಯಾಗಿ ಬಂತು. ನಿದ್ದೆಯಲ್ಲಿದ್ದ ಮಗು ಕಣ್ಣು ಬಿಟ್ಟಿತು.

ಮೇಲೆ ನಾಯಿಯೂ ಎದ್ದು ನಿಂತಿತು. ವಿಲ್ಫ್ ಗಡಿಬಿಡಿಯಿಂದ ಸೀಟಿ ಹುಡುಕಿ ಊದಿದ, ಪುಸ್ಸೆಂದಿತು. ನಾಯಿ ಅವನನ್ನು ನೋಡಿತು. ಅವನ ಮುಖ ಯಾವ ಕಡೆ ಇದೆ ಎಂದು ನೋಡಿತು. ಆಮೇಲೆ ಅವನ ಪಕ್ಕದಲ್ಲೇ ಹಾದು ಇಳಿದು ಬಂದು, ಹೆಟ್ಟಿಯ ಕಾಲ ಬಳಿ, ಮಗುವಿನ ಕೆಳಗೆ, ಗುಡ್ಡದ ಕಡೆ ಮುಖ ಮಾಡಿ ಕೂತಿತು.

ವಿಲ್ಫ್ ಏದುಸಿರು ಬಿಡುತ್ತ ಗೇಟಿಗೆ ಬಂದ. ಸಾಲಾಗಿ ತನ್ನನ್ನೇ ನೋಡುತ್ತಿದ್ದ ಮೂರು ಮುಖಗಳನ್ನು ನೋಡಿದ.

"ಸರಿ ಹುಡುಗಿ" ಅಂದ. "ಬಾ, ಚಹಾ ಕುಡಿಯೋಣ."

ಯಾರಿಗೆ ಅಂದ ಎಂದು ಯಾರೂ ಕೇಳಲಿಲ್ಲ. ಮೂವರೂ ಹೊರಟರು.