ಜಗುಲಿ ಮಾತಿನ ದೇವಿರಮ್ಮ

ನಂಜಯ್ಯ ತೀರಿಕೊಂಡ ಸುದ್ದಿ ಭಾಗ್ಯಮ್ಮನಿಗೆ ತಿಳಿದದ್ದು ಫೋನಿನಲ್ಲಿ. ಮುಚ್ಚಿಹೋದ ರೇಡಿಯೋ ನಿಲಯದ ಹಳೆಯ ನೌಕರರು ಸೇರಿ ಮಾಡಿಕೊಂಡಿದ್ದ ವಾಟ್ಸಾಪ್ ಗುಂಪಿನಲ್ಲಿ ಬೆಳಿಗ್ಗೆ ಯಾರೋ ಅವನ ಫೋಟೋ ಹಾಕಿದ್ದರು. ಕೆಳಗೆ ಒಂದರ ಹಿಂದೊಂದು ಕೈಮುಗಿದ ಚಿತ್ರಗಳು. ಭಾಗ್ಯಮ್ಮ ತಾನೂ ಒಂದನ್ನು ಒತ್ತಲು ಹೋಗಿ ಬೆರಳು ಹಿಂದಕ್ಕೆಳೆದುಕೊಂಡಳು. ಒಲೆ ಆರಿಸಿದಳು, ಸೀರೆ ಬದಲಾಯಿಸಿದಳು, ಕುವೆಂಪುನಗರದಿಂದ ಹೂಟಗಳ್ಳಿಯ ಬಸ್ಸು ಹಿಡಿದಳು. ಅಷ್ಟು ವರ್ಷ ಜೊತೆಗೆ ಕೆಲಸ ಮಾಡಿದ್ದರೂ ಅವನ ಮನೆಗೆ ಹೋಗುತ್ತಿದ್ದುದು ಅದೇ ಮೊದಲು.

ಹೂಟಗಳ್ಳಿಯಲ್ಲಿ ಇನ್ನೂ ರಾಗಿ ಹೊಲಗಳಿದ್ದ ಕಾಲದಲ್ಲಿ ಅಲ್ಲೊಂದು ಮೀಡಿಯಂ ವೇವ್ ನಿಲಯ ಶುರುವಾಗಿತ್ತು. ಹೊಲದ ನಡುವೆ ಕೆಂಪು ಬಿಳಿ ಬಣ್ಣದ ಎತ್ತರದ ಕಂಬ, ಪಕ್ಕದಲ್ಲಿ ಹೆಂಚು ಹೊದಿಸಿದ ಕೋಣೆಗಳು. ಸಂಜೆ ರೈತರಿಗೆಂದು ‘ಜಗುಲಿ ಮಾತು’ ಎನ್ನುವ ಕಾರ್ಯಕ್ರಮ ಬರುತ್ತಿತ್ತು. ಅದರಲ್ಲಿ ನಂಜಯ್ಯ ಸಿದ್ದಪ್ಪನಾಗುತ್ತಿದ್ದ, ಭಾಗ್ಯಮ್ಮ ಅವನ ಹೆಂಡತಿ ದೇವಿರಮ್ಮನಾಗುತ್ತಿದ್ದಳು. ಗಂಡ ಹೆಂಡತಿ ಜಗುಲಿಯ ಮೇಲೆ ಕೂತು ಎಲೆಅಡಿಕೆ ಮೆಲ್ಲುತ್ತ, ಕಿತ್ತಾಡುತ್ತ, ನಗುತ್ತ, ಭತ್ತದ ಬೆಂಕಿರೋಗಕ್ಕೆ ಏನು ಹೊಡೆಯಬೇಕು, ಹಸುವಿಗೆ ಕಾಲುಬಾಯಿ ಜ್ವರದ ಸೂಜಿ ಯಾವಾಗ ಹಾಕಿಸಬೇಕು ಎಂದೆಲ್ಲ ಹೇಳುತ್ತಿದ್ದರು.

ಕೇಳಿದವರು ಅದನ್ನು ನಿಜವಾದ ಸಂಸಾರವೆಂದೇ ನಂಬಿದರು. ಇಬ್ಬರ ಹೆಸರನ್ನೂ ಒಂದೇ ಲಗ್ನಪತ್ರಿಕೆಯ ಮೇಲೆ ಬರೆದು ಮದುವೆಗೆ ಕರೆದರು. ದೇವಿರಮ್ಮನಿಗೆ ಮಕ್ಕಳಾಗಲಿ ಎಂದು ಹರಕೆ ಹೊತ್ತವರೂ ಇದ್ದರು. ನಂಜನಗೂಡಿನ ಕಡೆಯ ಹೆಂಗಸೊಬ್ಬಳು ಬಾಳೆಗೊನೆ ಹೊತ್ತು ತಂದು, “ನಿಮ್ಮ ಯಜಮಾನ್ರಿಗೂ ಕೊಡವ್ವ” ಎಂದು ಇಟ್ಟುಹೋಗಿದ್ದಳು.

ಭಾಗ್ಯಮ್ಮ ಮದುವೆಯಾಗಿರಲಿಲ್ಲ. ತಂಗಿಯರದೆಲ್ಲ ಮುಗಿಯುವ ಹೊತ್ತಿಗೆ ಅವಳನ್ನು ಕೇಳುವವರೂ ಉಳಿದಿರಲಿಲ್ಲ. ಪ್ರಸಾರದ ಕೋಣೆಯ ಕೆಂಪು ದೀಪ ಹತ್ತಿದರೆ ನಂಜಯ್ಯ, “ಲೇ ದೇವೀ, ಇಲ್ಲಿ ಬಾಮ್ಮಿ” ಎನ್ನುತ್ತಿದ್ದ. ದೀಪ ಆರಿದರೆ, “ಬರ್ತೀನಿ ಮೇಡಂ” ಎಂದು ಸೈಕಲ್ ಹತ್ತುತ್ತಿದ್ದ. ಅವನೊಂದಿಗೆ ಅವಳಿಗಿದ್ದದ್ದು ಅಷ್ಟೇ.

ಆಮೇಲೆ ಎಫ್‌ಎಂ ಬಂತು, ಟಿವಿಯಲ್ಲಿ ಚಾನೆಲ್ಲುಗಳು ಬಂದವು, ಹೊಲಗಳು ಸೈಟುಗಳಾದವು. ಮೊದಲು ಬೆಳಗಿನ ಪ್ರಸಾರ ನಿಂತಿತು, ಕೊನೆಗೆ ಸಂಜೆಯದೂ. ಕಡೆಯ ದಿನ ಹಾರ, ಭಾಷಣ ಏನೂ ಇರಲಿಲ್ಲ. ನಂಜಯ್ಯ ಅಭ್ಯಾಸದಂತೆ “ನಾಳೆ ಮತ್ತೆ ಕೂರುಮ” ಎಂದು ಮಾತು ಮುಗಿಸಿದ್ದ. ಕಂಬವನ್ನು ತುಂಡು ಮಾಡಿ ಲಾರಿಗೆ ಹಾಕಿಕೊಂಡು ಹೋದರು. ಈಗ ಬಸ್ಸಿನ ಕಿಟಕಿಯಿಂದ ಭಾಗ್ಯಮ್ಮ ಆ ಜಾಗ ಯಾವುದೆಂದು ಹುಡುಕಿದಳು. ಎಲ್ಲ ಕಡೆಯೂ ಮನೆಗಳೇ ಇದ್ದವು, ಗೊತ್ತಾಗಲಿಲ್ಲ.

ನಂಜಯ್ಯನ ಮನೆಯ ಮುಂದೆ ಶಾಮಿಯಾನ ಹಾಕಿದ್ದರು. ಗಾಜಿನ ಪೆಟ್ಟಿಗೆಯಲ್ಲಿ ಮಲಗಿದ್ದವನು ಬಹಳ ಸಣ್ಣಗಾಗಿದ್ದ. ತಲೆಯ ಬಳಿ ಅವನ ಹೆಂಡತಿ ಬೋರಮ್ಮ ಕೂತಿದ್ದಳು. ಭಾಗ್ಯಮ್ಮ ಹಾರ ಹಾಕಿ ಕೈಮುಗಿದು, ಎಲ್ಲಿ ನಿಲ್ಲಬೇಕೆಂದು ತಿಳಿಯದೆ ನಿಂತಳು. ಮೊಮ್ಮಗಳು ಸಿಂಚನ ಕುರ್ಚಿ ತಂದುಕೊಟ್ಟಳು.

“ಯಾರ ಕಡೆಯವ್ರು ಅಜ್ಜಿ ನೀವು?”

“ನಿಮ್ಮ ತಾತನ ಜೊತೆ ರೇಡಿಯೋದಲ್ಲಿ ಇದ್ದೆ ಕಣಮ್ಮ.”

“ತಾತ ರೇಡಿಯೋ ರಿಪೇರಿ ಮಾಡ್ತಿದ್ರಾ?”

ಭಾಗ್ಯಮ್ಮ ಉತ್ತರ ಹೇಳುವಷ್ಟರಲ್ಲಿ ಹಿಂದಿನ ಸಾಲಿನಲ್ಲಿದ್ದ ಮುದುಕನೊಬ್ಬ ಎದ್ದು ಬಂದ. ಚೆಲುವರಾಜು ಅಂತ, ವರುಣದ ಕಡೆಯ ರೈತ. ಕಣ್ಣು ಅಷ್ಟಾಗಿ ಕಾಣುತ್ತಿರಲಿಲ್ಲ.

“ಈ ದನಿ... ದೇವೀರಮ್ಮಾರಲ್ವಾ?”

ಅವನು ಅವಳ ಎರಡೂ ಕೈ ಹಿಡಿದುಕೊಂಡು ಅತ್ತುಬಿಟ್ಟ. “ಎಂಗವ್ವಾ ತಡ್ಕತೀಯ? ಅಂತಾ ಯಜಮಾನ್ರನ್ನ ಕಳ್ಕಂಬುಟ್ಟಲ್ಲವ್ವಾ!”

ಶಾಮಿಯಾನದೊಳಗಿದ್ದವರೆಲ್ಲ ಇತ್ತ ತಿರುಗಿದರು. ನಂಜಯ್ಯನ ಮಗ ಮೋಹನ್ ಹುಬ್ಬು ಗಂಟಿಕ್ಕಿ ನೋಡಿದ. ಭಾಗ್ಯಮ್ಮನಿಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು.

“ನಾನಲ್ಲಪ್ಪಾ. ಅವರ ಮನೆಯವರು ಅಲ್ಲಿದ್ದಾರೆ, ನೋಡಿ.”

ಮುದುಕ ಆ ಕಡೆಗೊಮ್ಮೆ ಈ ಕಡೆಗೊಮ್ಮೆ ತಿರುಗಿದ. “ನಮಗೇನವ್ವಾ ಗೊತ್ತು? ನಾವ್ ಕಂಡಿದ್ದು ನಿಮ್ಮಿಬ್ರ ಸಂಸಾರ್ವೇಯ.”

ಭಾಗ್ಯಮ್ಮ ಚೀಲ ತೆಗೆದುಕೊಂಡು ಹೊರಡಲು ಎದ್ದಳು. ಆಗ ಬೋರಮ್ಮ ಕೂತಲ್ಲಿಂದಲೇ ಕೈಮಾಡಿದಳು. “ಇಲ್ಲಿ ಬನ್ನಿ. ಓಗ್ಬೇಡಿ.” ಪಕ್ಕದವರನ್ನು ಸರಿಸಿ ಚಾಪೆಯ ಮೇಲೆ ಜಾಗ ಮಾಡಿದಳು. ಮಧ್ಯಾಹ್ನ ಹೆಣ ಎತ್ತುವವರೆಗೂ ಇಬ್ಬರೂ ಅಕ್ಕಪಕ್ಕ ಕೂತಿದ್ದರು.

ಗಂಡಸರು ಮಣ್ಣು ಮಾಡಲು ಹೋದರು. ಮನೆಯವರು ಅಂಗಳ ತೊಳೆಯತೊಡಗಿದರು. ಗೋಡೆಗೊರಗಿದ್ದ ಬೋರಮ್ಮ ತಾನೇ ಬಾಯಿ ತೆಗೆದಳು.

“ಮನೇಲಿ ಅವ್ರು ನಾಕು ಮಾತಾಡ್ದೋರಲ್ಲ. ಊಟಕ್ಕೆ ಏಳಿ ಅಂದ್ರೆ ಏಳೋರು, ಉಂಡು ಕೈ ತೊಳ್ಯೋರು. ಸಂಜೆ ರೇಡಿಯೋ ಆಕುದ್ರೆ ಅಲ್ಲಿ ನಗ್ತಾವ್ರೆ! ಇದ್ಯಾರಪ್ಪಾ ಅಂತಿದ್ದೆ ನಾನು. ಮಾತೆಲ್ಲ ನಿಮ್ತಾವ್ಲೇ ಕರ್ಚು ಮಾಡಿ ಬತ್ತಾರೆ ಅಂತ ನಿಮ್ಮನ್ನ ಬೈಕಂಡೂ ಇವ್ನಿ.”

“ನನ್ನ ಜೊತೇನೂ ಆಡ್ಲಿಲ್ಲ ಕಣ್ರೀ,” ಎಂದಳು ಭಾಗ್ಯಮ್ಮ. “ಅದೆಲ್ಲ ಬರೆದಿದ್ದನ್ನ ಓದ್ತಿದ್ದದ್ದು.”

“ನಗೋದೂವಾ?”

“ನಗೋದೂ. ಇಲ್ಲಿ ನಗಬೇಕು ಅಂತ ಬರೆದಿರೋದು.”

ಬೋರಮ್ಮ ಅವಳ ಮುಖವನ್ನೇ ನೋಡಿದಳು. “ಯಾರು ಬರೀತಿದ್ರು?”

“ನಾನೇ,” ಎಂದಳು ಭಾಗ್ಯಮ್ಮ. “ಅವರು ಹೇಳೋದನ್ನೂ ನಾನೇ ಬರೀತಿದ್ದೆ. ನನ್ನದನ್ನೂ.”

ಯಾರೂ ಅದನ್ನು ಕೇಳಿರಲಿಲ್ಲ, ಅವಳೂ ಯಾರಿಗೂ ಹೇಳಿರಲಿಲ್ಲ. ಹೇಳಿದ ಮೇಲೆ ಅವಳಿಗೆ ಎದೆ ಹಗುರವಾಗಲಿಲ್ಲ. ಇಷ್ಟು ದಿನ ಬಟ್ಟೆಯೊಳಗೆ ಸುತ್ತಿಟ್ಟಿದ್ದ ಒಡವೆ ಗಿಲೀಟಿನದು ಎಂದು ತಾನೇ ಬಿಚ್ಚಿ ತೋರಿಸಿದಂತಾಯಿತು.

ಬೋರಮ್ಮ ತುಂಬಾ ಹೊತ್ತು ಸೆರಗಿನ ತುದಿ ತಿರುವುತ್ತ ಕೂತಿದ್ದಳು. “ಚೆನ್ನಾಗಿ ಬರೀತಿದ್ರಿ,” ಎಂದಳು ಕೊನೆಗೆ. ಮತ್ತೆ, “ತಿಥಿಗೆ ಬನ್ನಿ” ಎಂದಳು.

ಭಾಗ್ಯಮ್ಮ ತಿಥಿಗೆ ಹೋದಳು. ಗುರುತಿಲ್ಲದವರ ಪಂಕ್ತಿಯಲ್ಲಿ ಉಂಡು, ಹತ್ತಿರದ ಕಾರ್ಖಾನೆಯ ಶಿಫ್ಟು ಮುಗಿಸಿದವರು ತುಂಬಿದ್ದ ಬಸ್ಸಿನಲ್ಲಿ ನಿಂತುಕೊಂಡೇ ವಾಪಸಾದಳು.

ಒಂದು ತಿಂಗಳಾದ ಮೇಲೆ ಒಂದು ಸಂಜೆ ಫೋನು ಬಂತು.

“ನಾನು ಬೋರಮ್ಮ. ಏನಿಲ್ಲ, ಸುಮ್ನೆ ಮಾಡ್ದೆ. ಮಾತಾಡಿ, ನಂಗೆ ಕೇಳೇ ಅಭ್ಯಾಸ.”

ಭಾಗ್ಯಮ್ಮ ಕೋಣೆಯ ಸುತ್ತ ಕಣ್ಣಾಡಿಸಿದಳು. ಬರೆದುಕೊಳ್ಳದೆ ಏನು ಹೇಳಬೇಕೆಂದು ಅವಳಿಗೆ ತೋಚಲಿಲ್ಲ.

“ಬೆಳಿಗ್ಗೆ ಹುರುಳಿಕಾಳು ನೆನೆಹಾಕೋದು ಮರೆತುಬಿಟ್ಟೆ,” ಎಂದಳು. “ಒಬ್ಬಳಿಗೆ ಏನು ಸಾರು ಮಾಡೋದು ಅಂತ ಹಂಗೇ ಬಿಟ್ಟೆ.”

“ಊಂ,” ಎಂದಿತು ಆ ಕಡೆಯ ದನಿ. ಟಿವಿಯ ಸದ್ದು ಕೇಳಿಸುತ್ತಿತ್ತು. “ಆಮೇಲೆ?”

“ಆಮೇಲೆ ಅನ್ನ ಮಜ್ಜಿಗೆ ಉಂಡೆ.”

“ಊಂ.”

“ಸರಿ, ಇಡ್ತೀನಿ,” ಎಂದಳು ಬೋರಮ್ಮ. “ಇಡಿ,” ಎಂದಳು ಭಾಗ್ಯಮ್ಮ. ಎದ್ದು ಅಡುಗೆಮನೆಗೆ ಹೋಗಿ, ಡಬ್ಬದಿಂದ ಒಂದು ಹಿಡಿ ಕಾಳು ತೆಗೆದು ನೀರಿಗೆ ಹಾಕಿದಳು.