ಕಾಂಪೌಂಡರರ ಅಹವಾಲು

ಅವರು ನೇರವಾಗಿ ನಡೆದದ್ದನ್ನು ನಾನು ಕಂಡಿಲ್ಲ. ಬಲಗಿವಿ ಬಾಲ್ಯದಲ್ಲೇ ಕೆಟ್ಟುಹೋಗಿದ್ದರಿಂದ ಎಡಗಿವಿಯನ್ನೇ ಜಗತ್ತಿನ ಕಡೆಗೆ ಮುಂದುಮಾಡಿಕೊಂಡು, ಎಡಭುಜವನ್ನು ತುಸು ಚಾಚಿ, ಜನದಟ್ಟಣೆಯ ಬೀದಿಯಲ್ಲೂ ಓರೆಯಾಗಿಯೇ ಸಾಗುತ್ತಿದ್ದರು. ದೂರದಿಂದ ನೋಡಿದವರಿಗೆ ಯಾವುದೋ ಅರೆತೆರೆದ ಬಾಗಿಲಿನೊಳಗೆ ಸದ್ದಿಲ್ಲದೆ ನುಸುಳುತ್ತಿರುವವರಂತೆ ತೋರುತ್ತಿದ್ದರು. ಯೌವನದಲ್ಲಿ ಒಬ್ಬ ವೈದ್ಯರ ಕೈಕೆಳಗೆ ಔಷಧ ಬೆರೆಸಿಕೊಡುವ ಕೆಲಸ ಮಾಡಿದ್ದರು. ಆಮೇಲೆ ಪರೀಕ್ಷೆ ಪಾಸು ಮಾಡಿ ಸ್ವಂತ ಔಷಧದಂಗಡಿ ತೆರೆದರೂ ಬೀದಿಯ ಬಾಯಲ್ಲಿ ಕೊನೆಯವರೆಗೂ ಕಾಂಪೌಂಡರರಾಗಿಯೇ ಉಳಿದರು.

ಆ ಅಂಗಡಿಯ ಮೇಲಿನ ಕೋಣೆಯಲ್ಲಿ ನಾನು ಬಾಡಿಗೆಗಿದ್ದೆ. ಬೆಳಿಗ್ಗೆ ಇಳಿದು ಬರುವಾಗ ಅವರು ಬೂದುಬಣ್ಣದ ಕೋಟಿನ ಗುಂಡಿಗಳನ್ನು ಕೊರಳವರೆಗೂ ಹಾಕಿಕೊಂಡು ಕೌಂಟರಿನ ಗಾಜನ್ನು ಒರೆಸುತ್ತಿರುತ್ತಿದ್ದರು. ಕಡುಬೇಸಿಗೆಯಲ್ಲೂ ಆ ಕೋಟು ಮೈಬಿಟ್ಟು ಇಳಿಯುತ್ತಿರಲಿಲ್ಲ. ಅದಕ್ಕೆ ಸ್ಪಿರಿಟ್ಟಿನ, ಕಫದ ಔಷಧದ, ಹಳೆಯ ರಟ್ಟಿನ ವಾಸನೆಗಳೆಲ್ಲ ಬೆರೆತು ಅಂಟಿಕೊಂಡಿದ್ದವು. ಯಾರು ಏನು ಕೇಳಿದರೂ ತಕ್ಷಣ ಕೊಡುವ ಜಾಯಮಾನ ಅವರದಲ್ಲ. ಯಾರಿಗೆ, ಎಷ್ಟು ವಯಸ್ಸು, ಊಟ ಆಗಿದೆಯೇ ಎಂದು ವಿಚಾರಿಸಿಯೇ ಕಪಾಟಿನ ಬಾಗಿಲು ಸರಿಸುವುದು. ಒಂದು ತಲೆನೋವಿನ ಮಾತ್ರೆಗೆ ಏಳು ತಲೆಮಾರಿನ ಕಥೆ ಕೇಳುತ್ತಾರೆ, ಹೇಳಿ ಮುಗಿಸುವಷ್ಟರಲ್ಲಿ ತಲೆನೋವೇ ಬೇಸತ್ತು ಹೋಗಿರುತ್ತದೆ ಎಂದು ಪಕ್ಕದ ಕ್ಷೌರದಂಗಡಿಯವನು ಗಿರಾಕಿಗಳನ್ನು ನಗಿಸುತ್ತಿದ್ದ. ಆ ನಗೆಯಲ್ಲಿ ವಿಷವಿರಲಿಲ್ಲ. ವಿಷ ಬೇರೆ ಕಡೆಯಿಂದ ಬಂತು.

ಎದುರುಸಾಲಿನ ಟೈಲರ್ ತೀರಿಕೊಂಡ ಮೇಲೆ ಅವನ ಹೆಂಡತಿಗೆ ನಿದ್ರೆ ಹತ್ತುತ್ತಿರಲಿಲ್ಲ. ವೈದ್ಯರು ಬರೆದುಕೊಟ್ಟ ಚೀಟಿಯ ಅವಧಿ ಮುಗಿದುಹೋಗಿತ್ತು. ಮತ್ತೆ ಹೋಗಿ ಬರೆಸಿಕೊಂಡು ಬರುವ ತ್ರಾಣ ಆಕೆಗಿರಲಿಲ್ಲ. ಕಾಂಪೌಂಡರರು ಗದರಿದರು, ಬೇಡವೆಂದರು, ಕೊನೆಗೆ ಒಂದೆರಡೇ ಮಾತ್ರೆಗಳನ್ನು ಕತ್ತರಿಸಿ ಕೊಡಲು ಶುರುಮಾಡಿದರು. ಇದು ನನಗೆ ಗೊತ್ತಾದದ್ದು ಬಹಳ ತಡವಾಗಿ.

ತಂಗಿಗೆ ಆಪರೇಷನ್ ಎಂದು ಅವರು ಆಸ್ಪತ್ರೆಯಲ್ಲಿದ್ದ ದಿನವೇ ಔಷಧ ಇಲಾಖೆಯ ಇನ್‌ಸ್ಪೆಕ್ಟರ್ ಬಂದ. ಅಂಗಡಿಯಲ್ಲಿ ಅವರ ಹೆಂಡತಿ ಕೂತಿದ್ದರು. ಹಿಂದಿನ ಕೋಣೆಯಲ್ಲಿ ಅವಧಿ ಮೀರಿದ ಔಷಧಗಳ ಪೆಟ್ಟಿಗೆಯೊಂದಿತ್ತು. ಕಂಪನಿಗೆ ಹಿಂದಿರುಗಿಸಲೆಂದು ಕಟ್ಟಿಟ್ಟದ್ದು. ನಿದ್ರೆಮಾತ್ರೆಗಳ ಲೆಕ್ಕದಲ್ಲೂ ವ್ಯತ್ಯಾಸ ಕಂಡಿತು. ಅವರು ಬಂದ ಮೇಲೆ ಕೇಳಿ ಎಂದು ಆಕೆ ಹೇಳಿದ್ದನ್ನು ಆತ ಕಿವಿಗೆ ಹಾಕಿಕೊಳ್ಳಲಿಲ್ಲ. ನೋಟಿಸಿಲ್ಲ, ಪ್ರಶ್ನೆಯಿಲ್ಲ, ಕೆಲವೇ ದಿನಗಳಲ್ಲಿ ಮುಚ್ಚಿದ ಷಟರಿನ ಮೇಲೆ ಆದೇಶ ಅಂಟಿತು. ಅವಧಿ ಮೀರಿದ ಔಷಧ ಮಾರಿದ್ದಕ್ಕಾಗಿಯೂ ಚೀಟಿಯಿಲ್ಲದೆ ನಿದ್ರೆಮಾತ್ರೆ ಕೊಟ್ಟಿದ್ದಕ್ಕಾಗಿಯೂ ಪರವಾನಗಿ ರದ್ದು.

ಆ ಕಾಗದದ ಮುಂದೆ ಅವರು ನಿಂತಿದ್ದ ಭಂಗಿ ಇಂದಿಗೂ ಕಣ್ಣಿಗೆ ಕಟ್ಟಿದಂತಿದೆ. ಓದಿ ಮುಗಿದ ಮೇಲೂ, ಇನ್ನೇನಾದರೂ ಹೇಳಲಿಕ್ಕಿದೆಯೇನೋ ಎಂಬಂತೆ ಕಿವಿಯನ್ನು ಅದರತ್ತ ವಾಲಿಸಿಕೊಂಡೇ ನಿಂತಿದ್ದರು. ಆಮೇಲೆ ನನ್ನ ಕಡೆ ತಿರುಗಿ, “ಒಂದು ಮಾತು ಕೇಳಬಹುದಿತ್ತಲ್ಲ,” ಎಂದರು. ಅಷ್ಟೇ. ಕೂಸಿನ ಜ್ವರಕ್ಕೆಂದು ನಡುರಾತ್ರಿ ಅವರನ್ನು ಎಬ್ಬಿಸುತ್ತಿದ್ದ ತಾಯಂದಿರು ಈಗ ಅವರನ್ನು ಕಂಡರೆ ರಸ್ತೆ ದಾಟಿ ಆಚೆ ಬದಿಗೆ ಹೋಗತೊಡಗಿದರು; ಕೊಟ್ಟ ಔಷಧವೆಲ್ಲ ಹಳೆಯದಾಗಿತ್ತಂತೆ ಎಂಬ ಮಾತು ಮನೆಯಿಂದ ಮನೆಗೆ ಹೋಗುತ್ತ ಕೊಬ್ಬಿತು.

ಮೇಲ್ಮನವಿಗಾಗಿ ಅವರು ಹಿಡಿದ ವಕೀಲರು ಚುರುಕಾದವರು. ಬಾಯಿ ಬಿಡಲು ಅವಕಾಶ ಕೊಡದೆ ಒಬ್ಬನ ಅನ್ನ ಕಿತ್ತುಕೊಂಡ ಆದೇಶ ನಿಲ್ಲುವುದಿಲ್ಲವೆಂದು ಮೊದಲ ಭೇಟಿಯಲ್ಲೇ ಹೇಳಿದ್ದರು, ಹಾಗೇ ಆಯಿತು. ಆದರೆ ಆಗುವುದಕ್ಕೆ ಎಷ್ಟೋ ಮುಂದೂಡಿಕೆಗಳು ಬೇಕಾದವು. ಆ ಅವಧಿಯಲ್ಲಿ ಅವರ ಹೆಂಡತಿ ಒಂದು ಹಾಸ್ಟೆಲಿನ ಅಡುಗೆಮನೆಗೆ ಕೆಲಸಕ್ಕೆ ಸೇರಿದರು. ಕಾಂಪೌಂಡರರು ಕಚೇರಿಗಳ ಬೆಂಚುಗಳ ಮೇಲೆ ಕೋಟಿನ ಸಮೇತ ಸವೆದರು. ಕೊನೆಗೆ ಹಳೆಯ ಆದೇಶ ಬಿದ್ದುಹೋಯಿತು. ಹೊಸದಾಗಿ ನೋಟಿಸು ಕೊಟ್ಟು, ಅಹವಾಲು ಕೇಳಿ, ಆಮೇಲೆ ತೀರ್ಮಾನಿಸಬೇಕೆಂದು ಇಲಾಖೆಗೆ ಸೂಚನೆ ಹೋಯಿತು.

ವಿಚಾರಣೆಯ ಮುನ್ನಾದಿನ ವಕೀಲರು ಬುದ್ಧಿ ಹೇಳಿದರು. ಪೆಟ್ಟಿಗೆಯ ವಿಷಯಕ್ಕೆ ಕಂಪನಿಯ ಏಜೆಂಟನ ರಸೀದಿಯಿದೆ. ಮಾತ್ರೆಯ ವಿಷಯ ಬಂದರೆ ಎಣಿಕೆಯ ತಪ್ಪು ಎಂದುಬಿಡಿ, ಸಾಕ್ಷಿ ಹೇಳಲು ಯಾರೂ ಬರುವುದಿಲ್ಲ. ಕಾಂಪೌಂಡರರು ಪೂರ್ತಿ ಕೇಳಿಸಿಕೊಂಡು, “ನನ್ನ ಮಾತು ಕೇಳಿ ಅಂತ ಇಷ್ಟು ದಿನ ಅಲೆದಿದ್ದೀನಿ ಸ್ವಾಮಿ. ಈಗ ಕೇಳೋಕೆ ಕೂತವರ ಮುಂದೆ ಸುಳ್ಳು ಹೇಳ್ಲಾ?” ಎಂದರು.

ಅವರ ಜೊತೆಗೆ ನಾನೂ ಹೋಗಿದ್ದೆ. ಹೊಸದಾಗಿ ಬಂದಿದ್ದ ಅಧಿಕಾರಿ ಮಧ್ಯವಯಸ್ಸಿನ ಹೆಂಗಸು. ಇವರು ಎಡಗಿವಿಗೆ ಕೇಳಿಸುವಂತೆ ಕುರ್ಚಿಯನ್ನು ಮೇಜಿನ ಇನ್ನೊಂದು ಬದಿಗೆ ಹಾಕಿಕೊಳ್ಳಬಹುದೇ ಎಂದು ಕೇಳಿದಾಗ ಆಕೆಯೇ ಎದ್ದು ಜಾಗ ಮಾಡಿಕೊಟ್ಟರು. ಪೆಟ್ಟಿಗೆಯ ವಿವರಣೆಯನ್ನು ಪೂರ್ತಿ ಆಲಿಸಿ, ರಸೀದಿ ನೋಡಿ, ಒಪ್ಪಿದಂತೆ ತಲೆಯಾಡಿಸಿದರು. ಆಮೇಲೆ ಮಾತ್ರೆಯ ಪ್ರಶ್ನೆ ಬಂತು.

“ಕೊಟ್ಟಿದ್ದೀನಿ ಮೇಡಂ.”

“ಚೀಟಿ ಇಲ್ಲದೆ?”

“ಹೌದು. ಹಳೇ ಚೀಟಿ ಇತ್ತು, ಅವಧಿ ಮುಗಿದಿತ್ತು.”

“ಯಾರಿಗೆ?”

ಅವರು ಕೈಗಳನ್ನು ಮೊಣಕಾಲ ಮೇಲಿಟ್ಟುಕೊಂಡರು. “ಅದನ್ನ ಹೇಳಲ್ಲ. ಅವರದ್ದೇನೂ ತಪ್ಪಿಲ್ಲ.”

ವಕೀಲರು ಚಾವಣಿ ನೋಡಿದರು. ಹೆಸರು ಹೇಳಿದರೆ ಸಂದರ್ಭವನ್ನಾದರೂ ಪರಿಗಣಿಸಬಹುದೆಂದು ಅಧಿಕಾರಿ ಎರಡನೆಯ ಸಲ, ಮೆತ್ತಗೆ, ವಿವರಿಸಿದರು. ಕಾಂಪೌಂಡರರು ಬೇಡವೆಂದು ತಲೆಯಾಡಿಸಿದರು.

ಎರಡನೆಯ ಆದೇಶ ಅಂಚೆಯಲ್ಲಿ ಬಂತು. ಮೊದಲ ಆರೋಪ ಸಾಬೀತಾಗಿಲ್ಲ; ಎರಡನೆಯದನ್ನು ಅವರೇ ಒಪ್ಪಿಕೊಂಡಿದ್ದಾರೆ; ಪರವಾನಗಿ ರದ್ದು. ಹೆಂಡತಿ ಗಟ್ಟಿಯಾಗಿ ಓದಿದರು. ಮೊದಲ ಭಾಗವನ್ನು ಇನ್ನೊಮ್ಮೆ ಓದೆಂದು ಅವರು ಕೇಳಿದರು. ಆಕೆ ಓದಲಿಲ್ಲ.

“ಅಂಗಡಿ ಹೋಯ್ತಲ್ರೀ.”

“ಹೋಯ್ತು. ಹಳೇ ಔಷಧಿ ಮಾರಿದ ಅಂತ ಹೋಗ್ಲಿಲ್ಲ.”

ಅಂಗಡಿಯ ಜಾಗಕ್ಕೆ ಚಪ್ಪಲಿ ಮಾರುವವನೊಬ್ಬ ಬಂದ. ಟೈಲರನ ಹೆಂಡತಿ ಊರು ಬಿಟ್ಟು ಅಣ್ಣನ ಮನೆ ಸೇರಿದಳು; ತನ್ನ ಹೆಸರಿನ ಬೆಲೆ ಆಕೆಗೆ ತಿಳಿಯಿತೋ ಇಲ್ಲವೋ ನಾನರಿಯೆ. ಕಾಂಪೌಂಡರರು ಮನೆಯಲ್ಲೇ ಕೂತರು, ಕೂತಲ್ಲೇ ಸಣ್ಣಗಾದರು, ಒಂದು ಮಧ್ಯಾಹ್ನ ಕೂತಲ್ಲೇ ಹೋದರು. ಮಣ್ಣು ಮಾಡಿ ಬಂದ ಸಂಜೆ ಅವರ ಹೆಂಡತಿ, ನಾನು ಅವರ ಪ್ರಾಮಾಣಿಕತೆಯ ಬಗ್ಗೆ ಏನೋ ಆಡಹೊರಟಾಗ, ತಡೆದು ಹೇಳಿದರು: “ಆ ಮೇಡಂ ಇವರನ್ನ ಕೇಳಿದ್ರು, ಇವರು ಹೇಳಿದ್ರು. ಹಾಗೆ ಹೇಳ್ತೀನಿ, ನಿಂಗೆ ಒಪ್ಪಿಗೆನಾ ಅಂತ ನನ್ನ ಒಂದು ಮಾತು ಕೇಳ್ಲಿಲ್ಲ.”

ಗೆಲ್ಲುವುದಕ್ಕಲ್ಲ, ತೂಗುವ ಮೊದಲು ತಮ್ಮನ್ನು ತಕ್ಕಡಿಯ ಹತ್ತಿರ ಕರೆಯಲಿ ಎಂಬುದಕ್ಕಷ್ಟೇ ಹೋರಾಡುವ ಜನ ಎಲ್ಲ ಕಾಲದಲ್ಲೂ ಒಬ್ಬಿಬ್ಬರಾದರೂ ಇರುತ್ತಾರೆ. ದೊರೆಗಳ ಅವಿಚಾರವನ್ನು ನಾಚಿಸುವ ಅವರ ನಿಷ್ಠೆಗೆ ನಾವು ದೂರದಿಂದ ತಲೆಬಾಗುತ್ತೇವೆ. ಆದರೆ ಅಂಥವರ ಒಲೆಯ ಪಕ್ಕದಲ್ಲಿ ಯಾವಾಗಲೂ ಇನ್ನೊಂದು ಜೀವವಿರುತ್ತದೆ. ಅವರ ನ್ಯಾಯದ ಖರ್ಚನ್ನು ದಿನವೂ ದುಡಿದು ತೀರಿಸುವ ಆ ಜೀವದ ಅಹವಾಲನ್ನು ಆಲಿಸುವ ಪೀಠ ಯಾವ ಕಚೇರಿಯಲ್ಲೂ ಇಲ್ಲ, ಹಲವು ಸಲ ಮನೆಯಲ್ಲೂ ಇಲ್ಲ.