ಒಡೆಯ ಆಡುತ್ತಿದ್ದಾರೆ

ಶನಿವಾರ ಸಂಜೆ ನಾನು ಕುಂಬಳದ ಬೀಜ ಬಿತ್ತುತ್ತಿದ್ದೆ, ಕಂಪ್ಯೂಟರ್ ಆಟದ ತೋಟದಲ್ಲಿ. ಅರ್ಧ ಸಾಲು ಮುಗಿಯುವಷ್ಟರಲ್ಲಿ ಪರದೆಯ ಮೂಲೆಯಲ್ಲಿ ಒಂದು ಚೌಕ ಮೂಡಿತು. ಈ ಆಟಗಳ ಲೈಬ್ರರಿಯ ಒಡೆಯ ಈಗ ಆಡುತ್ತಿದ್ದಾರೆ, ಕೆಲವು ನಿಮಿಷಗಳಲ್ಲಿ ನಿಮ್ಮ ಆಟ ಮುಚ್ಚುತ್ತದೆ ಎಂದು ಇಂಗ್ಲಿಷಿನಲ್ಲಿ ಬರೆದಿತ್ತು.

ಒಡೆಯ ಕುಶಾಲ್, ನನ್ನ ಗಂಡ. ಹಿಂದಿನ ವರ್ಷ, 2016ರ ಮಳೆಗಾಲದಲ್ಲಿ, ಡೆಂಗಿ ಜ್ವರ ಬಂದು ತೀರಿಕೊಂಡಿದ್ದ.

ನಾನು ಬೆಚ್ಚಲಿಲ್ಲ. ಫೋನು ತೆಗೆದು ಡೊಂಬಿವಲಿಗೆ, ಅವನ ಅಪ್ಪನಿಗೆ ಮಾಡಿದೆ.

"ಮಾವ, ಮತ್ತೆ ಕುಶಾಲ್ ಅಕೌಂಟಲ್ಲಿ ಕೂತಿದ್ದೀರಿ."

"ಅಯ್ಯೋ, ನೀನು ಆಡ್ತಿದ್ಯಾ? ಗೊತ್ತಾಗ್ಲಿಲ್ಲ ಕಣಮ್ಮ. ಲಾರಿ ಹೈವೇ ಮೇಲಿದೆ. ಮಧ್ಯದಲ್ಲಿ ನಿಲ್ಲಿಸಿದ್ರೆ ಹಿಂದಿನವನು ಬಂದು ಗುದ್ದುತಾನೆ."

"ನಿಮ್ಮ ಅಕೌಂಟಿಂದ ಬನ್ನಿ ಅಂತ ಹೇಳಿದ್ನಲ್ಲ."

"ಅದನ್ನ ತೆಗೆಯೋದು ನಂಗೆ ಬರಲ್ಲ."

ಹಿಂದಿನಿಂದ ಅತ್ತೆಯ ದನಿ ಕೇಳಿಸಿತು. "ಪೆನ್ಷನ್ ವೆಬ್‌ಸೈಟು ಬರತ್ತೆ, ಲೈಟ್ ಬಿಲ್ಲು ಬರತ್ತೆ, ಮೈಸೂರಿಗೆ ತತ್ಕಾಲ್ ಟಿಕೆಟ್ಟು ಬರತ್ತೆ. ಇದೊಂದು ಬರಲ್ವಂತೆ ಇವರಿಗೆ!"

"ಇರಲಿ ಮಾವ, ಆಡಿ. ಆದ್ರೆ ಈ ವಾರ ಎಷ್ಟನೇ ಸಲ ನನ್ನ ಆಟದಿಂದ ಎಬ್ಬಿಸ್ತಿರೋದು?" ಅಂದೆ.

ತಮಾಷೆಗೆಂದೇ ಅಂದಿದ್ದೆ. ಆ ದಿನಗಳಲ್ಲಿ ನನ್ನ ದನಿಯಲ್ಲಿ ತಮಾಷೆ ಕೇಳಿಸುತ್ತಿರಲಿಲ್ಲ. ಮಾವ ಫೋನಿಟ್ಟರು.

ಈ ಏರ್ಪಾಟನ್ನು ಮಾಡಿದ್ದು ಕುಶಾಲ್. ಕೊಂಡ ಆಟಗಳೆಲ್ಲ ಅವನ ಖಾತೆಯಲ್ಲಿದ್ದವು. ಅಪ್ಪನಿಗೊಂದು, ನನಗೊಂದು ಖಾತೆ ತೆರೆದು ಎರಡನ್ನೂ ತನ್ನದಕ್ಕೆ ಜೋಡಿಸಿದ್ದ. ಡೊಂಬಿವಲಿಯ ಕಂಪ್ಯೂಟರಿಗೂ ಕೋಪರ್‌ಖೈರಣೆಯ ನಮ್ಮ ಬಾಡಿಗೆ ಮನೆಯ ಕಂಪ್ಯೂಟರಿಗೂ ಅನುಮತಿ ಕೊಟ್ಟಿದ್ದ. ಅವನು ಆಡದ ಹೊತ್ತಿನಲ್ಲಿ ನಮ್ಮಲ್ಲಿ ಒಬ್ಬರು ಆಡಬಹುದು. ಅವನು ಬಂದರೆ ನಾವು ಏಳಬೇಕು. ಆಗೆಲ್ಲ ಬೇಕೆಂದೇ ಮಹಾಪೆಯ ಆಫೀಸಿನಿಂದಲೇ ಖಾತೆಯೊಳಗೆ ಬಂದು ಅಪ್ಪನನ್ನು ಎಬ್ಬಿಸಿ, ಅವರ ಬೈಗುಳದ ಫೋನಿಗಾಗಿ ಕಾಯುತ್ತಿದ್ದ.

ನಾನು ಆಗ ಆಡುತ್ತಿರಲಿಲ್ಲ. ಅವನು ಹೋದ ಮೇಲೆ ಶುರುಮಾಡಿದೆ. ಬಿತ್ತುವುದು, ನೀರು ಹಾಕುವುದು, ಕೊಯ್ಯುವುದು. ಯಾರ ಜೊತೆಯೂ ಮಾತಾಡಬೇಕಿಲ್ಲ.

ಮುಂದಿನ ವಾರ ಒಂದು ಸಲವೂ ಆ ಚೌಕ ಮೂಡಲಿಲ್ಲ. ಶುಕ್ರವಾರ ಮಾವ ಫೋನು ಮಾಡಿದರು.

"ಭಾನುವಾರ ಬಾ. ಒಂದು ಕೆಲಸ ಇದೆ. ಲ್ಯಾಪ್‌ಟಾಪ್ ತಗೊಂಡು ಬಾ."

ಠಾಣೆ ಸ್ಟೇಷನ್ನಿನಲ್ಲಿ ಲೋಕಲ್ ರೈಲು ಬದಲಿಸಿ ಡೊಂಬಿವಲಿಗೆ ಹೋದೆ. ಎಂಐಡಿಸಿ ಕೈಗಾರಿಕಾ ಪ್ರದೇಶದ ವಸತಿ ಭಾಗದಲ್ಲಿ ಎರಡನೇ ಮಹಡಿಯ ಮನೆ. ಗಾಳಿ ಕಾರ್ಖಾನೆಗಳ ಕಡೆಯಿಂದ ಬೀಸುತ್ತಿದ್ದುದರಿಂದ ಅತ್ತೆ ಕಿಟಕಿಗಳನ್ನೆಲ್ಲ ಮುಚ್ಚಿದ್ದರು. ಒಳಗೆ ಒಗ್ಗರಣೆಯ ವಾಸನೆ ತುಂಬಿತ್ತು. ಕುಶಾಲ್‌ನ ಕಂಪ್ಯೂಟರಿನ ಮೇಜಿನ ಮೇಲೆ ಒಂದು ಪ್ಲಾಸ್ಟಿಕ್ ಫೈಲು ಇತ್ತು.

"ಬ್ಯಾಂಕು ಆಯ್ತು, ಎಲ್‌ಐಸಿ ಆಯ್ತು, ಪಿಎಫ್ ಆಯ್ತು. ಇದೊಂದು ಬಾಕಿ ಇತ್ತು" ಎಂದರು ಮಾವ.

ಫೈಲು ತೆರೆದೆ. ಮರಣ ಪ್ರಮಾಣಪತ್ರದ ಮೂರು ಪ್ರತಿಗಳು, ಮೂರಕ್ಕೂ ಸೀಲು. ನಮ್ಮ ಮದುವೆಯ ಪ್ರಮಾಣಪತ್ರ. ನನ್ನ ಎರಡು ಭಾವಚಿತ್ರ. ನೂರು ರೂಪಾಯಿಯ ಸ್ಟ್ಯಾಂಪ್ ಪೇಪರಿನ ಮೇಲೆ, ತಂದೆಯಾದ ರಮಾಕಾಂತ, ತಾಯಿಯಾದ ಸುಬ್ಬಲಕ್ಷ್ಮಿ, ನಮ್ಮ ದಿವಂಗತ ಮಗನ ಎಲ್ಲ ಆಟಗಳನ್ನು ಅವನ ಪತ್ನಿ ಯಾಮಿನಿಯ ಹೆಸರಿಗೆ ವರ್ಗಾಯಿಸಲು ನಮ್ಮದೇನೂ ಆಕ್ಷೇಪಣೆ ಇಲ್ಲವೆಂಬ ಬರಹ, ಇಬ್ಬರ ಸಹಿ. ಎಲ್ಲಕ್ಕೂ ಮೇಲೆ ಗೇಮಿಂಗ್ ಕಂಪನಿಗೆ ಬರೆದ ಅರ್ಜಿ: ರೆಸ್ಪೆಕ್ಟೆಡ್ ಸರ್. ಬೇಲಾಪುರದ ಸರಕಾರಿ ಕಚೇರಿಯಲ್ಲಿ ವರ್ಷಗಟ್ಟಲೆ ಕಡತ ನೋಡಿದವರ ಕೆಲಸ. ಎಲ್ಲಿಯೂ ಒಂದೂ ತಪ್ಪಿರಲಿಲ್ಲ.

"ಸ್ಕ್ಯಾನ್ ಮಾಡಿ ಕಳಿಸಿಬಿಡು. ಅಮೇರಿಕಾದವರು ಪೋಸ್ಟಲ್ಲಿ ತಗೊಳಲ್ಲ ಅಂತಾರೆ, ವಿಚಾರಿಸಿದೆ."

"ಯಾರನ್ನ ವಿಚಾರಿಸಿದ್ರಿ?"

"ಪೋಸ್ಟಾಫೀಸಲ್ಲೇ. ಅಡ್ರೆಸ್ ಎಲ್ಲಿ ಅಂದ್ರು. ನನ್ನ ಹತ್ರ ಅಡ್ರೆಸ್ ಎಲ್ಲಿದೆ?"

ನಾನು ನಗಬೇಕಿತ್ತು. ಬದಲಿಗೆ ಲ್ಯಾಪ್‌ಟಾಪ್ ತೆರೆದು ಕಂಪನಿಯ ನಿಯಮಗಳನ್ನು ಹುಡುಕಿದೆ. ಎರಡು ಸಲ ಓದಿದೆ.

"ಮಾವ, ಇದನ್ನ ಕಳಿಸಿದ್ರೆ ನನ್ನ ಹೆಸರಿಗೆ ಆಗಲ್ಲ. ಅಕೌಂಟು ಒಬ್ಬರದ್ದು ಇನ್ನೊಬ್ಬರಿಗೆ ಕೊಡಲ್ಲ ಅಂತಿದೆ. ತೀರಿಕೊಂಡಿದಾರೆ ಅಂತ ಗೊತ್ತಾದ್ರೆ ಮುಚ್ತಾರೆ."

"ಮುಚ್ಚೋದು ಅಂದ್ರೆ?"

"ಆಟಗಳು ಹೋಗ್ತವೆ. ನಿಮಗೂ ಇಲ್ಲ, ನನಗೂ ಇಲ್ಲ."

"ಹೆಸರು?"

"ಹೆಸರೂ ಹೋಗತ್ತೆ."

ಮಾವ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಅತ್ತೆ ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು.

"ನೀವೇ ತೋರಿಸ್ತೀರೋ, ನಾನು ಹೇಳಲೋ?" ಎಂದು ಗಂಡನನ್ನು ಕೇಳಿದರು.

ಮಾವ ಕನ್ನಡಕ ಮತ್ತೆ ಹಾಕಿಕೊಂಡು ಕಂಪ್ಯೂಟರಿನ ಮುಂದೆ ಕೂತರು. ತಡವರಿಸದೆ ತಮ್ಮ ಸ್ವಂತ ಖಾತೆ ತೆರೆದರು. ಬರಲ್ಲ ಎಂದಿದ್ದ ಅದೇ ಖಾತೆ. ಗೆಳೆಯರ ಪಟ್ಟಿಯಲ್ಲಿ ಎರಡೇ ಹೆಸರಿದ್ದವು, ಕುಶಾಲ್ ಮತ್ತು ನಾನು. ಕುಶಾಲ್ ಹೆಸರಿನ ಕೆಳಗೆ, ಕೊನೆಯದಾಗಿ ಕಂಡದ್ದು ಎಂಟು ದಿನಗಳ ಹಿಂದೆ ಎಂದಿತ್ತು.

"ನಾನು ನನ್ನ ಹೆಸರಲ್ಲಿ ಆಡಿದ್ರೆ ಇಲ್ಲಿ ದಿನದ ಲೆಕ್ಕ ಏರ್ತಾ ಹೋಗತ್ತೆ" ಎಂದರು ಮಾವ. "ಅವನು ಹೋದಾಗ ನೋಡಿದ್ದೆ. ಮೂರು ದಿನ ಆಯ್ತು ಅಂತು. ಮಾರನೇ ದಿನ ನಾಲ್ಕು ಅಂತು. ಆಮೇಲೆ ತಿಂಗಳು ಅಂತು. ಲೆಕ್ಕ ಹಾಕೋಕೆ ಇದಕ್ಕೆ ಯಾರು ಹೇಳಿದ್ರು? ಅದಕ್ಕೇ ಅವನ ಹೆಸರಲ್ಲೇ ಒಳಗೆ ಹೋಗ್ತೀನಿ. ಸ್ವಲ್ಪ ಹೊತ್ತು ಲಾರಿ ಓಡಿಸ್ತೀನಿ. ಇಲ್ಲಿ ಅವನ ಹೆಸರಿಗೆ, ಆಡ್ತಿದಾನೆ ಅನ್ನೋ ಹಸಿರು ಹತ್ತತ್ತೆ."

"ಮತ್ತೆ ಈ ಅರ್ಜಿ ಯಾಕೆ ಮಾವ? ನನ್ನ ಹೆಸರಿಗೆ ಆದ್ರೂ ಆ ಹಸಿರು ಹೋಗ್ತಿತ್ತಲ್ಲ."

"ಹೋಗ್ತಿತ್ತು. ಗೊತ್ತಿತ್ತು." ಅವರು ಪರದೆಯನ್ನೇ ನೋಡುತ್ತಿದ್ದರು. "ನೀನೇ ಅಂದ್ಯಲ್ಲ, ಎಬ್ಬಿಸ್ತೀರಿ ಅಂತ. ಅವನಿದ್ದಾಗ ಬೇರೆ. ಈಗ ನಿನ್ನ ಯಾರೂ ಎಬ್ಬಿಸೋ ಹಾಗಾಗಬಾರದು. ಅವನದ್ದು ಏನಿದ್ಯೋ ಅದು ನಿನ್ನದೇ ತಾನೇ."

ನನಗೆ ನೀರು ಬೇಕಾಯಿತು. ಅಡುಗೆಮನೆಗೆ ಹೋಗಿ ಕುಡಿದೆ. ಅತ್ತೆ ನನ್ನ ಬೆನ್ನ ಮೇಲೆ ಒಂದು ಸಲ ಕೈಯಿಟ್ಟು ತೆಗೆದರು. ವಾಪಸು ಬಂದು ಫೈಲು ಮುಚ್ಚಿದೆ.

"ಕಳಿಸೋದು ಬೇಡ ಮಾವ."

"ಬೇಡ ಅಂದ್ರೆ ಹೇಗಮ್ಮ? ಈಗ ನಿಯಮ ಓದಿ ಆಯ್ತು. ಗೊತ್ತಿಲ್ದೆ ಆಡೋದು ಬೇರೆ, ಗೊತ್ತಿದ್ದೂ ಆಡೋದು ಬೇರೆ. ಸತ್ತವನ ಪಾಸ್ ಇಟ್ಕೊಂಡು ಲೋಕಲ್ ಹತ್ತಿದ ಹಾಗೆ. ಬೇಲಾಪುರಕ್ಕೆ ಅಷ್ಟು ವರ್ಷ ಓಡಾಡಿದೀನಿ, ಒಂದು ದಿನಾನೂ ಟಿಕೆಟ್ ಇಲ್ದೆ ಹತ್ತಿದವನಲ್ಲ."

ಅವರು ನಿಜಕ್ಕೂ ಕಳಿಸಿಬಿಡುತ್ತಾರೆ ಎಂದು ನನಗೆ ಆಗ ಗೊತ್ತಾಯಿತು. ನಾನು ಕಳಿಸದಿದ್ದರೆ ಸ್ಟೇಷನ್ ಹತ್ತಿರದ ಸೈಬರ್ ಕೆಫೆಗೆ ಹೋಗುತ್ತಾರೆ.

ಅತ್ತೆ ಮಧ್ಯೆ ಬಂದರು. "ರೀ, ನೀವು ಪ್ರತಿ ನವೆಂಬರ್ ಬ್ಯಾಂಕಿಗೆ ಹೋಗಿ, ನಾನು ಬದುಕಿದೀನಿ ಅಂತ ಸೈನ್ ಹಾಕಿ ಬರ್ತೀರಲ್ಲ?"

"ಹ್ಞೂಂ. ಪೆನ್ಷನ್‌ಗೆ."

"ಯಾಕೆ ಹಾಕ್ತೀರಿ?"

"ಅವರು ಕೇಳ್ತಾರೆ, ಹಾಕ್ತೀನಿ."

"ಈ ಕಂಪನಿಯವರು ಕೇಳಿದ್ರಾ, ಕುಶಾಲ್ ಇದಾನಾ ಅಂತ?"

ಮಾವ ನನ್ನ ಮುಖ ನೋಡಿದರು. ನಾನು ಇಲ್ಲವೆಂದು ತಲೆ ಅಲ್ಲಾಡಿಸಿದೆ.

"ಕೇಳದೇ ಇರೋರಿಗೆ ಸ್ಟ್ಯಾಂಪ್ ಪೇಪರ್ ಮೇಲೆ ಬರ್ಕೊಡ್ತಾರಂತೆ! ಚೆನ್ನಾಗಿದೆ."

ಮಾವ ಫೈಲನ್ನು ತಮ್ಮ ಕಡೆಗೆ ಎಳೆದುಕೊಂಡರು. ಕಚೇರಿಯಲ್ಲಿಯೂ ಹೀಗೇ ಕೂರುತ್ತಿದ್ದರೇನೋ, ಹೆಬ್ಬೆರಳಿನಿಂದ ಫೈಲಿನ ಅಂಚು ಸವರುತ್ತಾ.

"ಕೇಳಿದ್ರೆ ಸುಳ್ಳು ಹೇಳಬಾರದು" ಎಂದರು ಕೊನೆಗೆ.

"ಹೇಳಲ್ಲ ಮಾವ."

"ಕೇಳಿದ್ರೆ ನೀನೇ ಉತ್ತರ ಬರೀಬೇಕು. ನಂಗೆ ಇನ್ನೊಂದು ಸಲ ಬರೆಯೋಕೆ ಆಗಲ್ಲ."

"ಬರೀತೀನಿ."

ಹಾಗಾದರೆ ಕಂಪನಿಯವರ ಪ್ರಶ್ನೆ ನನಗೆ ತಲುಪಬೇಕು. ಖಾತೆಗೆ ಜೋಡಿಸಿದ್ದ ನಂಬರು ಇನ್ನೂ ಕುಶಾಲ್‌ನದೇ. ಅತ್ತೆ ಕಪಾಟಿನಿಂದ ಅವನ ಫೋನು ತಂದರು. ಚಾರ್ಜು ತುಂಬಾ ಇತ್ತು. ಯಾರು ಮಾಡಿಡುತ್ತಾರೆಂದು ನಾನು ಕೇಳಲಿಲ್ಲ. ಅದಕ್ಕೆ ಬಂದ ಕೋಡನ್ನು ಅತ್ತೆ ಒಂದೊಂದೇ ಅಂಕಿಯಾಗಿ ಓದಿದರು, ನಾನು ಒತ್ತಿದೆ. ಆಮೇಲೆ ಅವನ ನಂಬರಿದ್ದ ಜಾಗದಲ್ಲಿ ನನ್ನದನ್ನು ಬರೆದೆ.

"ಇನ್ನು ಟೈಮು" ಎಂದೆ. "ಬೆಳಿಗ್ಗೆ ಕುಶಾಲ್ ಹೆಸರಲ್ಲಿ ನೀವು. ಆಫೀಸಿಂದ ಬಂದ ಮೇಲೆ ನಾನು."

"ನಮ್ಮ ಬಿಲ್ಡಿಂಗ್ ಸೊಸೈಟೀಲಿ ಟೈಮಿಗೆ ನೀರು ಬಿಡೋ ಹಾಗೆ."

"ಹಾಗೇ."

"ಭಾನುವಾರ?"

"ಭಾನುವಾರ ನಾನೇ ಬರ್ತೀನಲ್ಲ."

ಅದನ್ನು ನಾನು ಯೋಚಿಸಿ ಹೇಳಿದ್ದಲ್ಲ. ಅತ್ತೆ ಆಗಲೇ ಮುಂದಿನ ವಾರ ಬಿಸಿಬೇಳೆಬಾತೋ ವಾಂಗೀಬಾತೋ ಎಂದು ಕೇಳಿದರು.

ಮಾವ ಕುರ್ಚಿಯಿಂದ ಎದ್ದರು. "ಕೂತ್ಕೋ. ಎಲ್ಲಾ ಸರಿಯಾಗಿದ್ಯಾ ನೋಡು."

ಕುಶಾಲ್‌ನ ಖಾತೆಯಲ್ಲಿ ನಾನು ಎಂದೂ ಆಡಿರಲಿಲ್ಲ. ಅವನು ಕೊಂಡ ನೀಲಿ ಲಾರಿ ಜರ್ಮನಿಯ ಯಾವುದೋ ಪೆಟ್ರೋಲ್ ಬಂಕಿನಲ್ಲಿ, ಗೆರೆಗೆ ಒಂದಿಷ್ಟೂ ತಾಗದಂತೆ ನಿಂತಿತ್ತು. ನಿಲ್ಲಿಸಿದ್ದು ಮಾವ. ನಾನು ಹೊರಟೆ.

"ಇಂಡಿಕೇಟರ್ ಹಾಕಮ್ಮ. ಹಾಕು, ಹಾಕು. ಅದು ವೈಪರ್! ಜರ್ಮನೀಲಿ ಬಲಗಡೆ ಓಡಿಸಬೇಕು, ಇದು ನಮ್ಮ ಕಲ್ಯಾಣ್-ಶಿಳ್ ರೋಡಲ್ಲ."

"ಅವರ ಮಾತು ಕೇಳಬೇಡ ಯಾಮಿನಿ" ಎಂದರು ಅತ್ತೆ. "ಅವರಿಗೆ ಸ್ಕೂಟರೂ ಬರಲ್ಲ."

"ಸಿಗ್ನಲ್ಲು! ಕೆಂಪು, ಕೆಂಪು! ಅಯ್ಯೋ, ಹೋಗೇಬಿಟ್ಳಲ್ಲ! ನೋಡು, ಕುಶಾಲ್ ಹೆಸರಿಗೆ ದಂಡ ಬಿತ್ತು. ಒಂದು ವರ್ಷದಿಂದ ಒಂದೂ ದಂಡ ಬೀಳದ ಹಾಗೆ ಇಟ್ಟಿದ್ದೆ!"

"ಬೀಳಲಿ ಬಿಡಿ" ಎಂದರು ಅತ್ತೆ. "ಹೆಂಡತಿ ಓಡಿಸಿದ್ದಕ್ಕೆ ಅವನಲ್ದೆ ಪಕ್ಕದ ಮನೆಯವರು ಕಟ್ತಾರಾ?"

ಮಾವ ಇನ್ನೊಂದು ಕುರ್ಚಿ ಎಳೆದುಕೊಂಡು ನನ್ನ ಪಕ್ಕ ಕೂತರು. ಮುಂದೆ ದಾರಿ ಕವಲಾಗಿತ್ತು. ನಾನು ಇಂಡಿಕೇಟರ್ ಹಾಕಿದೆ.